ಕಚಾವೊ ಅನ್ನುವ ಕ್ಯೂಬಾದ ಬಾಸ್ ವಾದಕರ ಬಗ್ಗೆ ಗೊತ್ತಿದ್ದವರು ಹೇಳಿ

ಶಹಾಪುರ ಬಾಸ್ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನಾನು ಬೆಳಗಾವಿಯ ಶಹಾಪುರದವನು. ಹಗಲು ಅಂಗಡಿ, ಸೀಸನ್ ಬಂತೆಂದರೆ ರಾತ್ರಿ ಆರ್ಕೆಸ್ಟ್ರಾ. ಮದುವೆ ರಿಸೆಪ್ಷನ್, ಗಣಪತಿ ಮಂಡಳಗಳ ಕಾರ್ಯಕ್ರಮ, ಸುತ್ತಲ ಹಳ್ಳಿಗಳ ಜಾತ್ರೆ, ಎಲ್ಲಿ ಕರೆದರೂ ಬಾಸ್ ಗಿಟಾರ್, ಅಂದರೆ ತಗ್ಗು ಸ್ವರದ ಗಿಟಾರ್, ಹೊತ್ತುಕೊಂಡು ಹೋಗುತ್ತೇನೆ. ಕನ್ನಡ, ಮರಾಠಿ, ಹಿಂದಿ ಮೂರೂ ನುಡಿಸಬೇಕು. ನಮ್ಮ ಊರಲ್ಲಿ ಅದಿಲ್ಲದೆ ನಡೆಯಲ್ಲ.

ನಮ್ಮ ತಂಡದ ಟ್ರಂಪೆಟ್ ಹಿರಿಯರು ಮೊನ್ನೆ ಒಂದು ಹಳೇ ರೆಕಾರ್ಡಿಂಗ್ ಕಳಿಸಿದರು. 1957ರಲ್ಲಿ ಹವಾನಾದಲ್ಲಿ ಮಾಡಿದ್ದು. ಬಾಸ್ ನುಡಿಸಿದವರು ಇಸ್ರಾಯೆಲ್ ಲೋಪೆಸ್, ಎಲ್ಲರೂ ಕಚಾವೊ ಅಂತ ಕರೆಯುತ್ತಾರಂತೆ. ಕೇಳಿದಾಗಿನಿಂದ ತಲೆಯಲ್ಲಿ ಅದೇ ಓಡುತ್ತಿದೆ. ಒಂದೊಂದು ಪೀಸೂ ಚಿಕ್ಕದು, ಮೂರು ನಿಮಿಷದ ಆಜುಬಾಜು. ಅಷ್ಟರಲ್ಲೇ ಬಾಸ್ ಎಲ್ಲರನ್ನೂ ಎಳೆದುಕೊಂಡು ಹೋಗುತ್ತದೆ. ಆದರೆ ನಾನು ಕಾಲಲ್ಲಿ ತಾಳ ಹಾಕಿದರೆ ಒಂದನೇ ಮಾತ್ರೆಗೆ ಬಾಸ್ ಕೈಗೆ ಸಿಗುವುದೇ ಇಲ್ಲ. ಸಮ, ಅಂದರೆ ಆ ಒಂದನೇ ಮಾತ್ರೆ, ಬರುವ ಮೊದಲೇ ಬಂದು ಕೂತಿರುತ್ತದೆ. ಇದನ್ನು ಹೇಗೆ ನುಡಿಸುತ್ತಾರೆ?

ಇನ್ನೊಂದು ವಿಷಯ. ಮಾಂಬೊ ಅನ್ನುವ ಕುಣಿತದ ಸಂಗೀತ ಹುಟ್ಟಿಸಿದವರಲ್ಲಿ ಇವರೂ ಒಬ್ಬರು ಅಂತ ಒಂದು ಕಡೆ ಓದಿದೆ. ಅಮೆರಿಕಕ್ಕೆ ಹೋದ ಮೇಲೆ ಮಯಾಮಿಯಲ್ಲಿ ಮದುವೆಗಳಿಗೆ ನುಡಿಸುತ್ತಿದ್ದರು ಅಂತ ಮತ್ತೊಂದು ಕಡೆ ಇತ್ತು. ಎರಡೂ ನಿಜವಾ? ಅಂಥವರು ಮದುವೆ ಬ್ಯಾಂಡಿಗೆ ಹೇಗೆ ಬಂದರು?

ಕೇಳುವುದಕ್ಕೆ ಕಾರಣ ಇದೆ. ಈ ಸೀಸನ್ನಿನಲ್ಲಿ ಒಂದೆರಡು ಕಡೆ ನನ್ನನ್ನು ಬಿಟ್ಟು, ಬಾಸನ್ನು ಕೀಬೋರ್ಡ್ ಟ್ರ್ಯಾಕಿನಲ್ಲೇ ಹಾಕಿಕೊಂಡರು. ಯಾಕೆ ಅಂದರೆ, "ಬಾಸ್ ಯಾರಿಗೆ ಕೇಳಿಸುತ್ತದೆ?" ಅಂದರು. ಅದು ಮನಸ್ಸಿಗೆ ಹತ್ತಿದೆ. ಈ ಮನುಷ್ಯನ ಬದುಕು ಪೂರ್ತಿ ತಿಳಿದುಕೊಳ್ಳಬೇಕು ಅನ್ನಿಸುತ್ತಿದೆ. ಗೊತ್ತಿದ್ದವರು ಸ್ವಲ್ಪ ಬಿಡಿಸಿ ಬರೆಯಿರಿ.

ಕ್ಯಾಂಪ್ ಬೆಳಗಾವಿ

ತಮ್ಮಾ, ಎರಡೂ ನಿಜ. ನಾನು ಕ್ಯಾಂಪಿನವನು, ಬಹಳ ಕಾಲದಿಂದ ಬಾಸ್ ನುಡಿಸುತ್ತಿದ್ದೇನೆ. ಮೊದಲು ಗೋವಾದ ಹೋಟೆಲುಗಳಲ್ಲಿ, ಆಮೇಲೆ ಇಲ್ಲೇ. ಕಚಾವೊ ಅವರನ್ನು ನನಗೆ ತೋರಿಸಿಕೊಟ್ಟವರು ಮಡಗಾವಿನ ಒಬ್ಬ ಹಿರಿಯ ಪಿಯಾನೊ ವಾದಕರು, ಕ್ಯಾಸೆಟ್ಟಿನ ಕಾಲದಲ್ಲಿ. ಅವತ್ತಿನಿಂದ ನನಗೆ ಅವರೇ ಗುರು. ಹಾಗಾಗಿ ಉದ್ದವಾಗಿಯೇ ಬರೆಯುತ್ತೇನೆ.

ಹುಟ್ಟಿದ್ದು ಹವಾನಾದಲ್ಲಿ, 1918ರ ಸೆಪ್ಟೆಂಬರ್ 14. ಕ್ಯೂಬಾದ ಸ್ವಾತಂತ್ರ್ಯದ ಕವಿ ಹೊಸೆ ಮಾರ್ತಿ ಹುಟ್ಟಿದ ಮನೆಯಲ್ಲೇ ಇವರೂ ಹುಟ್ಟಿದರು. ಇವರ ಮನೆತನ ಆಗ ಅಲ್ಲಿ ವಾಸವಿತ್ತು. ಮನೆತನವೆಲ್ಲ ಬಾಸ್. ಅಪ್ಪ ಬಾಸ್ ನುಡಿಸುತ್ತಿದ್ದರು, ಅಣ್ಣನೂ ನುಡಿಸುತ್ತಿದ್ದ, ಬಂಧು ಬಳಗದಲ್ಲಿ ಬಾಸ್ ಹಿಡಿದವರೇ ಹತ್ತಾರು ಜನ. ಅಕ್ಕ ಕೊರಾಲಿಯಾ ಲೋಪೆಸ್ ಪಿಯಾನೊ ನುಡಿಸಿ ತಮ್ಮದೇ ಬ್ಯಾಂಡ್ ನಡೆಸಿದವರು, ರಾಗ ಕಟ್ಟಿದವರು. ನಮ್ಮ ಕಡೆ ಕೆಲವು ಮನೆಗಳಲ್ಲಿ ಶಹನಾಯಿ ತಲೆಮಾರಿನಿಂದ ತಲೆಮಾರಿಗೆ ಬರುವುದಿಲ್ಲವಾ, ಹಾಗೆ.

ಹುಡುಗನಿದ್ದಾಗ ಬೊಂಗೊ ಬಾರಿಸಿದರು, ಮೂಕಿ ಸಿನಿಮಾ ಥಿಯೇಟರಿನಲ್ಲಿ ಪರದೆಯ ಮುಂದೆ ಕೂತು ಸಂಗೀತ ಕೊಟ್ಟರು. 12ನೇ ವಯಸ್ಸಿಗೆ ಹವಾನಾದ ಫಿಲ್‌ಹಾರ್ಮೋನಿಕ್ ಆರ್ಕೆಸ್ಟ್ರಾ, ಅಂದರೆ ಪಾಶ್ಚಾತ್ಯ ಶಾಸ್ತ್ರೀಯ ಸಂಗೀತದ ದೊಡ್ಡ ತಂಡ, ಸೇರಿದರು. ಅವರದ್ದು ನಮ್ಮ ಬಾಸ್ ಗಿಟಾರ್ ಅಲ್ಲ, ನಿಂತು ನುಡಿಸುವ ದೊಡ್ಡ ಪಿಟೀಲಿನಂಥ ಬಾಸ್, ಅದು ಮನುಷ್ಯನಿಗಿಂತ ಎತ್ತರ ಇರುತ್ತದೆ. ಹುಡುಗನ ಕೈ ಕುತ್ತಿಗೆಗೆ ಎಟುಕುತ್ತಿರಲಿಲ್ಲ. ಒಂದು ಪೆಟ್ಟಿಗೆಯ ಮೇಲೆ ನಿಂತು ನುಡಿಸುತ್ತಿದ್ದರು. ಅಲ್ಲಿ ಸುಮಾರು 30 ವರ್ಷ ಇದ್ದರು. ಎರಿಕ್ ಕ್ಲೈಬರ್, ಸ್ಟ್ರಾವಿನ್ಸ್ಕಿ, ವಿಲ್ಲಾ ಲೋಬೊಸ್ ಅವರಂಥ ದೊಡ್ಡ ಸಂಗೀತ ನಿರ್ದೇಶಕರ ಕೈಕೆಳಗೆ ನುಡಿಸಿದರು. ಇದನ್ನು ಗಟ್ಟಿಯಾಗಿ ನೆನಪಿಟ್ಟುಕೋ. ಅವರ ಬೌ (ಪಿಟೀಲಿನ ಕಮಾನಿನಂಥದ್ದು) ಹಿಡಿದ ಕೈ ಅಷ್ಟು ಹದವಾಗಿರುವುದು ಇದೇ ಕಾರಣಕ್ಕೆ. ಕುಣಿತದ ಸಂಗೀತದ ನಡುವೆ ಥಟ್ಟನೆ ಬೌ ಎಳೆದರೆ ಮನುಷ್ಯ ಹಾಡಿದ ಹಾಗೆ ಕೇಳುತ್ತದೆ. ಮುಂದಿನ ಗಳಿಗೆಯಲ್ಲಿ ಅದೇ ಬಾಸಿನ ಮರದ ಮೈ ಮೇಲೆ ಅಂಗೈಯಿಂದ ಬಡಿದು ಡೋಲು ಮಾಡುತ್ತಾರೆ. ಎರಡೂ ಒಬ್ಬರೇ.

ಸಂಜೆ ಸಿಂಫನಿ, ರಾತ್ರಿ ಕುಣಿತದ ಹಾಲ್. ಅಲ್ಲಿ ಆಂತೊನಿಯೊ ಅರ್ಕಾನ್ಯೊ ಅನ್ನುವ ಕೊಳಲು ವಾದಕರ ತಂಡ. ಕೊಳಲು, ಪಿಟೀಲುಗಳು, ಪಿಯಾನೊ, ಬಾಸ್, ತಾಳವಾದ್ಯ. ನುಡಿಸುತ್ತಿದ್ದದ್ದು ದಾನ್ಸೋನ್. ಜೋಡಿಗಳು ಗಂಭೀರವಾಗಿ, ನಡುನಡುವೆ ನಿಂತು ಬೀಸಣಿಗೆ ಬೀಸಿಕೊಂಡು ಕುಣಿಯುವ ಸಂಗೀತ ಅದು. ಕಚಾವೊ ಮತ್ತು ಅಣ್ಣ ಒರೆಸ್ತೆಸ್ ಸೇರಿ ಆ ತಂಡಕ್ಕೆ ರಾಶಿ ರಾಶಿ ದಾನ್ಸೋನ್ ಬರೆದರು. ಅಣ್ಣ ಹತ್ತು ವರ್ಷ ದೊಡ್ಡವನು, ಪಿಯಾನೊ, ಚೆಲ್ಲೊ ಎಲ್ಲ ಬರುತ್ತಿತ್ತು. 1938ರಲ್ಲಿ ಒಂದು ದಾನ್ಸೋನಿಗೆ ಮಾಂಬೊ ಅಂತ ಹೆಸರಿಟ್ಟರು. ಅದರ ಕೊನೆಯ ಭಾಗವನ್ನು ಬಿಚ್ಚಿಬಿಟ್ಟರು. ಒಂದು ಚಿಕ್ಕ ಸಾಲು ಮತ್ತೆ ಮತ್ತೆ ಸುತ್ತುತ್ತದೆ, ಕೆಳಗೆ ಬಾಸ್ ಮಾತ್ರೆ ತಪ್ಪಿಸಿ ತಳ್ಳುತ್ತದೆ, ಮೇಲೆ ಕೊಳಲಿನವರು ತಮಗೆ ತೋಚಿದ್ದು ನುಡಿಸುತ್ತಾರೆ. ಗಂಭೀರವಾಗಿ ಕುಣಿಯುತ್ತಿದ್ದವರ ಸೊಂಟ ಸಡಿಲ ಆಯಿತು. ಮುಂದೆ ಇಡೀ ಜಗತ್ತು ಕುಣಿದ ಮಾಂಬೊ, ಚಾ ಚಾ ಚಾ ಎರಡಕ್ಕೂ ಬೀಜ ಬಿದ್ದದ್ದು ಆ ತಂಡದಲ್ಲಿ.

ಇನ್ನು ನೀನು ಕೇಳಿದ 1957ರ ರೆಕಾರ್ಡ್. ಪಾನಾರ್ಟ್ ಅನ್ನುವ ಕ್ಯೂಬಾದ್ದೇ ಕಂಪನಿ. ವಾದಕರೆಲ್ಲ ರಾತ್ರಿಯಿಡೀ ಕ್ಯಾಬರೆಗಳಲ್ಲಿ ಕೆಲಸ ಮುಗಿಸಿ, ಬೆಳಗಿನ ಜಾವ ಸ್ಟುಡಿಯೊಗೆ ಬಂದು ನುಡಿಸಿದ್ದು. ಕಾಂಗಾ ಅನ್ನುವ ಉದ್ದ ಡೋಲಿನಲ್ಲಿ ತಾತಾ ಗ್ವಿನೆಸ್, ತಿಂಬಾಲೆಸ್ ಅನ್ನುವ ಜೋಡಿ ಡ್ರಮ್ಮಿನಲ್ಲಿ ಗಿಯೆರ್ಮೊ ಬರೆತೊ, ಕೊಳಲಿನಲ್ಲಿ ರಿಚರ್ಡ್ ಎಗ್ವೆಸ್. ನಿದ್ದೆಗೆಟ್ಟ ಕೈಗಳು ಅನ್ನುವುದು ಎಲ್ಲಾದರೂ ಗೊತ್ತಾಗುತ್ತದಾ? ಇಲ್ಲ. ಹೊಟ್ಟೆಪಾಡಿನ ನುಡಿಸಾಟ ಮುಗಿದ ಮೇಲೆ ತಮ್ಮ ಖುಷಿಗೆ ನುಡಿಸುವ ಸಡಗರ ಮಾತ್ರ ಕೇಳುತ್ತದೆ. ಕಾರ್ಯಕ್ರಮ ಮುಗಿಸಿ, ಸಾಮಾನು ಗಾಡಿಗೆ ಏರಿಸುವ ಮೊದಲು ನಾವು ಸುಮ್ನೆ ಒಂದು ಹಾಡು ಎಳೆಯುತ್ತೇವಲ್ಲ, ಆಗ ಎಷ್ಟು ಚೆನ್ನಾಗಿ ಬರುತ್ತದೆ ಅಂತ ನಿನಗೂ ಗೊತ್ತಿರುತ್ತದೆ. ಹೀಗೆ ಚೌಕಟ್ಟು ಸಣ್ಣದಿಟ್ಟುಕೊಂಡು ಬಿಡುಬೀಸಾಗಿ ನುಡಿಸುವುದಕ್ಕೆ ದೆಸ್ಕಾರ್ಗಾ ಅಂತಾರೆ. ಆ ರೆಕಾರ್ಡ್ ಬಂದ ಮೇಲೆ ನ್ಯೂಯಾರ್ಕಿನ ಲ್ಯಾಟಿನ್ ವಾದಕರೆಲ್ಲ ಅದನ್ನು ಪಾಠದ ಹಾಗೆ ಕೇಳಿದರು.

ಆಮೇಲೆ ದೇಶ ಬಿಟ್ಟದ್ದು. 1959ರಲ್ಲಿ ಕ್ರಾಂತಿ ಆಯಿತು. 1962ರಲ್ಲಿ ಕಚಾವೊ ಕ್ಯೂಬಾ ಬಿಟ್ಟು ಸ್ಪೇನಿಗೆ ಹೋದರು, ಅಲ್ಲಿಂದ ನ್ಯೂಯಾರ್ಕಿಗೆ. ಆಗ ವಯಸ್ಸು ನಲವತ್ತು ದಾಟಿತ್ತು. ಅಣ್ಣ ಒರೆಸ್ತೆಸ್ ಅಲ್ಲೇ ಉಳಿದ. ಅಣ್ಣನ ಮಗ ಒರ್ಲಾಂಡೊ, ಎಲ್ಲರೂ ಕಚಾಯಿತೊ ಅಂತ ಕರೆಯುವ ಮತ್ತೊಬ್ಬ ಮಹಾ ಬಾಸ್ ವಾದಕ, ಅವನೂ ಅಲ್ಲೇ ಉಳಿದ. ಮುಂದೆ ಬೊಯೆನಾ ವಿಸ್ತಾ ಸೋಶಿಯಲ್ ಕ್ಲಬ್ ಅಂತ ಜಗತ್ತಿಗೆಲ್ಲ ಗೊತ್ತಾದ ತಂಡದಲ್ಲಿ ಬಾಸ್ ನುಡಿಸಿದ್ದು ಅವನೇ. ಕಚಾವೊ ಮತ್ತೆ ಕ್ಯೂಬಾಕ್ಕೆ ಕಾಲಿಡಲಿಲ್ಲ. 1991ರಲ್ಲಿ ಅಣ್ಣ ತೀರಿಕೊಂಡಾಗಲೂ.

ನ್ಯೂಯಾರ್ಕಿನಲ್ಲಿ ಕೆಲಸಕ್ಕೆ ಕೊರತೆ ಇರಲಿಲ್ಲ. ಟಿಟೊ ರೊಡ್ರಿಗೆಸ್, ಮಚಿತೊ, ಟಿಟೊ ಪುವೆಂಟೆ, ದೊಡ್ಡ ದೊಡ್ಡ ತಂಡಗಳೆಲ್ಲ ಕರೆದವು. ಆದರೆ ಅಲ್ಲಿ ಅವರು ಬೇರೆಯವರ ತಂಡದ ಬಾಸ್ ವಾದಕ. ಪೋಸ್ಟರಿನಲ್ಲಿ ಹೆಸರು ಅವರದ್ದಲ್ಲ. ಎಪ್ಪತ್ತರ ದಶಕದಲ್ಲಿ ಲಾಸ್ ವೇಗಸ್ಸಿನ ಹೋಟೆಲ್ ಷೋಗಳು, ಆಮೇಲೆ ಮಯಾಮಿ. ನೀನು ಓದಿದ್ದು ಮಯಾಮಿಯ ಕಾಲದ್ದು. ಮದುವೆ, ಮಕ್ಕಳ ದೀಕ್ಷಾಸ್ನಾನ, ರೆಸ್ಟೋರೆಂಟು, ಕರೆದಲ್ಲಿಗೆ ಹೋಗಿ ನುಡಿಸಿದರು. ಕುಣಿಯುವವರಲ್ಲಿ ಎಷ್ಟೋ ಜನಕ್ಕೆ ಹಿಂದೆ ನಿಂತವರು ಯಾರು ಅಂತ ಗೊತ್ತಿರಲಿಲ್ಲ.

ಇಲ್ಲಿ ನನ್ನದೊಂದು ಮಾತು. ಇವರ ಬಗ್ಗೆ ಬರೆಯುವವರೆಲ್ಲ "ಮರೆತುಹೋದ ಕಲಾವಿದ, ಒಬ್ಬ ಸಿನಿಮಾ ನಟ ಬಂದು ಎತ್ತಿದ" ಅಂತಾರೆ. ನಟ ಆ್ಯಂಡಿ ಗಾರ್ಸಿಯಾ ಮಾಡಿದ್ದು ದೊಡ್ಡ ಕೆಲಸ, ಅದರಲ್ಲಿ ಎರಡು ಮಾತಿಲ್ಲ. ಅವರೂ ಹವಾನಾದಲ್ಲೇ ಹುಟ್ಟಿ, ಚಿಕ್ಕವರಿದ್ದಾಗ ಮಯಾಮಿಗೆ ಬಂದವರು. 1992ರಲ್ಲಿ ಮಯಾಮಿಯಲ್ಲಿ ಕಚಾವೊಗೆ ಗೌರವದ ಕಾರ್ಯಕ್ರಮ ಇಟ್ಟರು, ಅದನ್ನೇ ಸಾಕ್ಷ್ಯಚಿತ್ರ ಮಾಡಿದರು, ಆಮೇಲೆ ರೆಕಾರ್ಡ್ ಮಾಡಿಸಿದರು. ಆ ರೆಕಾರ್ಡಿಗೆ 1995ರಲ್ಲಿ ಗ್ರ್ಯಾಮಿ ಬಂತು. ಆಗ ಕಚಾವೊಗೆ 76. ಆದರೆ "ಮರೆತುಹೋದ" ಅನ್ನುವುದನ್ನು ನಾನು ಒಪ್ಪಲ್ಲ. ನುಡಿಸುವವರು ಯಾರೂ ಅವರನ್ನು ಮರೆತಿರಲಿಲ್ಲ. 1976-77ರಲ್ಲೇ ನ್ಯೂಯಾರ್ಕಿನಲ್ಲಿ ರೆನೆ ಲೋಪೆಸ್ ಅನ್ನುವ ಸಂಗೀತಪ್ರೇಮಿ ಅವರನ್ನು ಮುಂದೆ ನಿಲ್ಲಿಸಿ ಕಛೇರಿ, ರೆಕಾರ್ಡ್ ಎರಡೂ ಮಾಡಿಸಿದ್ದರು. ಲ್ಯಾಟಿನ್ ಬಾಸ್ ಹಿಡಿದವರೆಲ್ಲ ದಿನಾ ನುಡಿಸುತ್ತಿದ್ದದ್ದು ಅವರು ಹಾಕಿಕೊಟ್ಟ ದಾರಿಯನ್ನೇ. ಸಿಗದೆ ಹೋದದ್ದು ಹೆಸರು, ಒಳ್ಳೆ ದುಡ್ಡು, ತಮ್ಮದೇ ತಂಡ. ಅದು ಅನ್ಯಾಯವೇ. ಆದರೆ ಮದುವೆ ಮನೆಗೆ ಹೋದರು ಅನ್ನುವುದನ್ನು ಅವರ ಸೋಲಿನ ಗುರುತಾಗಿ ಹೇಳುತ್ತಾರಲ್ಲ, ಅದು ನನಗೆ ಹಿಡಿಸುವುದಿಲ್ಲ. ಹವಾನಾದಲ್ಲಿ ಕುಣಿಯುವವರ ಕಾಲು ನೋಡಿಕೊಂಡು ಮಾಂಬೊ ಕಟ್ಟಿದವರು ಅವರು. ಮಯಾಮಿಯಲ್ಲೂ ಮುಂದೆ ಇದ್ದದ್ದು ಕುಣಿಯುವ ಕಾಲುಗಳೇ ಅಲ್ವಾ?

ಇನ್ನು "ಬಾಸ್ ಯಾರಿಗೆ ಕೇಳಿಸುತ್ತದೆ" ಅಂದವರಿಗೆ ಉತ್ತರ. ಗೋಕಾಕ ಕಡೆಯ ಒಂದು ಮದುವೆಯಲ್ಲಿ ನನ್ನ ಬಾಸಿನ ಆಂಪ್ಲಿಫೈಯರ್ ಫ್ಯೂಸ್ ಹಾರಿತು. ಹಾಡು ನಿಲ್ಲಲಿಲ್ಲ. ಡ್ರಮ್ಸ್, ಕೀಬೋರ್ಡ್, ಹಾಡುವವರು ಎಲ್ಲ ಹಾಗೇ ಇದ್ದರು. ಕುಣಿಯುತ್ತಿದ್ದ ಹುಡುಗರ ಹೆಜ್ಜೆ ಸಣ್ಣದಾಯಿತು. ಆಮೇಲೆ ಭುಜ ಅಲ್ಲಾಡುವುದು ನಿಂತಿತು. ಒಬ್ಬ ಸ್ಟೇಜ್ ಕಡೆ ತಿರುಗಿ, "ಸೌಂಡ್ ಜಾಸ್ತಿ ಮಾಡ್ರಿ" ಅಂತ ಕೂಗಿದ. ಸೌಂಡ್ ಮೊದಲಿನಷ್ಟೇ ಇತ್ತು, ಒಂದು ಕೂದಲೆಳೆ ಕಡಿಮೆ ಆಗಿರಲಿಲ್ಲ. ನಾನು ಇನ್ನೊಂದು ಫ್ಯೂಸ್ ಹಾಕಿ ತಂತಿ ಮೀಟಿದೆ, ಅದೇ ಹುಡುಗ ಕೈ ಎತ್ತಿ, "ಹಾಂ, ಈಗ ಬಂತು" ಅಂದ.

ಕೋಟೆ ಹಲಗೆ, ಬಾಗಲಕೋಟೆ

ಕ್ಯಾಂಪ್ ಅಣ್ಣಾವ್ರೆ, ಭಾಳ ಛಲೋ ಬರೆದಿದ್ದೀರಿ. ನಾನು ಬಾಸ್ ಅಲ್ಲ, ಹಲಗೆ. ನಮ್ಮ ಬಾಗಲಕೋಟೆ ಹೋಳಿ ನಿಮಗೆ ಗೊತ್ತೇ ಇದೆ, ಬಣ್ಣದ ಬಂಡಿ ಬರುವುದಕ್ಕೂ ಮೊದಲಿನಿಂದ ಓಣಿ ಓಣಿಯಲ್ಲಿ ಹಲಗೆ ಶುರು. ಆ ಹುಚ್ಚಿನಿಂದಲೇ ಕ್ಯೂಬಾದ ತಾಳ ಕೇಳುವುದು ಹತ್ತಿದ್ದು ನನಗೆ.

ಪ್ರಶ್ನೆ ಕೇಳಿದ ಗೆಳೆಯನಿಗೆ ಒಂದು ಮಾತು. ಸಮ ಹುಡುಕುವ ಮೊದಲು ಕ್ಲಾವೆ ಹುಡುಕು. ಎರಡು ಗಟ್ಟಿ ಮರದ ಕೋಲು ಒಂದಕ್ಕೊಂದು ತಾಗಿಸುವುದು, ಅಷ್ಟೇ. ನಾಲ್ಕು ನಾಲ್ಕು ಮಾತ್ರೆಯ ಎರಡು ಸುತ್ತಿನಲ್ಲಿ ಐದು ಪೆಟ್ಟು. ಒಂದು ಸುತ್ತಿನಲ್ಲಿ ಮೂರು, ಇನ್ನೊಂದರಲ್ಲಿ ಎರಡು. ಪ್ರತಿ ಮಾತ್ರೆಯನ್ನು ಎರಡು ಮಾಡಿ "ಒಂದು-ತ, ಎರಡು-ತ, ಮೂರು-ತ, ನಾಲ್ಕು-ತ" ಅಂತ ಎಣಿಸು. ಮೊದಲ ಸುತ್ತಿನಲ್ಲಿ ಪೆಟ್ಟು "ಒಂದು" ಮೇಲೆ, "ಎರಡು" ಆದ ಮೇಲಿನ "ತ" ಮೇಲೆ, "ನಾಲ್ಕು" ಮೇಲೆ. ಎರಡನೇ ಸುತ್ತಿನಲ್ಲಿ "ಎರಡು", "ಮೂರು". ತಿರುಗಿ ಮೊದಲಿಗೆ. ಕೋಲು ಕೇಳಿಸದಿದ್ದರೂ ಎಲ್ಲ ವಾದಕರ ಮನಸ್ಸಿನಲ್ಲಿ ಇದೇ ಓಡುತ್ತಿರುತ್ತದೆ. ಸುತ್ತು ತಿರುಗಿಸಿ ಎರಡು ಪೆಟ್ಟಿನಿಂದ ಶುರು ಮಾಡುವುದೂ ಉಂಟು, ಆದರೆ ಒಮ್ಮೆ ಹಿಡಿದ ಮೇಲೆ ಹಾಡಿನ ನಡುವೆ ತಪ್ಪಿಸುವ ಹಾಗಿಲ್ಲ.

ಮಜಾ ಏನೆಂದರೆ, ಎಷ್ಟೋ ಹೊತ್ತು ಕ್ಲಾವೆ ಜತೆ ಚಪ್ಪಾಳೆ ಹೊಡೆದರೆ ಒಂದನೇ ಮಾತ್ರೆ ತಾನಾಗಿ ಒಳಗೆ ಕೂರುತ್ತದೆ. ಯಾರೂ ಅದನ್ನು ಬಾರಿಸಿ ತೋರಿಸಬೇಕಾಗಿಲ್ಲ. ನಮ್ಮಲ್ಲಿ ತುಂಬ ಜನ ಹಲಗೆ ಕಟ್ಟಿದಾಗಲೂ ಹಿರಿಯರು ಸಮಕ್ಕೆ ಪೆಟ್ಟು ಹಾಕದೆ ಬಿಡುತ್ತಾರೆ, ಆದರೆ ಎಲ್ಲರ ಕಾಲು ಅಲ್ಲೇ ಬೀಳುತ್ತದೆ.

ಒಂದು ಸಂಶಯ. ಬಾಸ್ ಮತ್ತು ಕ್ಲಾವೆ ಎಲ್ಲಿ ಸೇರುತ್ತವೆ? ನನಗೆ ಒಂದು ಸುತ್ತಿನಲ್ಲಿ ಸೇರಿದ ಹಾಗೆ, ಇನ್ನೊಂದರಲ್ಲಿ ಜಗಳ ಆಡಿದ ಹಾಗೆ ಕೇಳುತ್ತದೆ.

ಕ್ಯಾಂಪ್ ಬೆಳಗಾವಿ

ಹಲಗೆಯವರೆ, ನಿಮ್ಮ ಕಿವಿಗೆ ನಮಸ್ಕಾರ. ಕೇಳಿದ್ದು ಸರಿಯಾಗಿಯೇ ಇದೆ. ಬಾಸಿನ ಮೂಲ ನಡೆಗೆ ತುಂಬಾವೊ ಅಂತಾರೆ. ಅದರಲ್ಲಿ ಪ್ರತಿ ಸುತ್ತಿಗೆ ಎರಡೇ ಸ್ವರ. ಒಂದು "ಎರಡು" ಆದ ಮೇಲಿನ "ತ" ಮೇಲೆ, ಇನ್ನೊಂದು "ನಾಲ್ಕು" ಮೇಲೆ. ಹಾಗಾಗಿ ಮೂರು ಪೆಟ್ಟಿನ ಸುತ್ತಿನಲ್ಲಿ ಕ್ಲಾವೆಯ ಎರಡನೇ, ಮೂರನೇ ಪೆಟ್ಟುಗಳ ಜತೆ ಬಾಸ್ ಸರಿಯಾಗಿ ಕೂರುತ್ತದೆ. ಎರಡು ಪೆಟ್ಟಿನ ಸುತ್ತಿನಲ್ಲಿ ಒಂದೂ ಸೇರುವುದಿಲ್ಲ. ಸೇರುವುದು, ಬಿಡುವುದು, ಮತ್ತೆ ಸೇರುವುದು. ಕುಣಿಯುವವರನ್ನು ಮುಂದಕ್ಕೆ ನೂಕುವುದು ಅದೇ.

ಶಹಾಪುರದ ತಮ್ಮನ ಸಮದ ಪ್ರಶ್ನೆಗೂ ಇದೇ ಉತ್ತರ. "ನಾಲ್ಕು" ಮೇಲೆ ನುಡಿಸುವ ಸ್ವರ ಈ ಸುತ್ತಿನದ್ದಲ್ಲ, ಮುಂದಿನ ಸುತ್ತಿನ ಕಾರ್ಡಿನದ್ದು (ಕಾರ್ಡ್ ಅಂದರೆ ಒಟ್ಟಿಗೆ ನುಡಿಸುವ ಸ್ವರಗಳ ಗುಂಪು). ಅದನ್ನು ಅಲ್ಲೇ ಹಿಡಿದು ಸಮದ ಮೇಲಿಂದ ದಾಟಿಸಬೇಕು. ಸಮ ಬಂದಾಗ ಬಾಸ್ ಆಗಲೇ ಮೊಳಗುತ್ತಿರುತ್ತದೆ, ಹೊಸದಾಗಿ ಮೀಟುವುದಿಲ್ಲ.

ಕೈಯಲ್ಲಿ ಮಾಡಿ ನೋಡು. ಸಿ, ಎಫ್, ಜಿ, ಎಫ್, ಒಂದೊಂದು ಸುತ್ತಿಗೆ ಒಂದೊಂದು ಕಾರ್ಡ್. ಸಿ ಸುತ್ತಿನ "ನಾಲ್ಕು" ಮೇಲೆ ಎಫ್ ಮೀಟಿ ಹಿಡಿ. ಎಫ್ ಸುತ್ತು ಬಂತು, "ಒಂದು" ಖಾಲಿ ಬಿಡು, "ಎರಡು" ಆದ ಮೇಲಿನ "ತ"ಗೆ ಅದರ ಪಂಚಮ ಸಿ. "ನಾಲ್ಕು" ಮೇಲೆ ಜಿ. ಜಿ ಸುತ್ತಿನ "ತ"ಗೆ ಡಿ, "ನಾಲ್ಕು" ಮೇಲೆ ಎಫ್. ಹೀಗೆ ಸುತ್ತುತ್ತಾ ಇರು. ನಿಧಾನಕ್ಕೆ, ಮಾತ್ರೆ ಎಣಿಸುವ ಮೆಟ್ರೊನೋಮ್ ನಿಮಿಷಕ್ಕೆ 70ಕ್ಕೆ ಇಟ್ಟು ಶುರು ಮಾಡು. ಕಾಲಲ್ಲಿ ಒಂದು, ಎರಡು, ಮೂರು, ನಾಲ್ಕು ಎಲ್ಲ ಮಾತ್ರೆಗೂ ತಾಳ ಹಾಕಬೇಕು. ಮೊದಮೊದಲು ಬೆರಳು ತಾನಾಗಿ ಸಮಕ್ಕೆ ಓಡುತ್ತದೆ. ಕಾಲು ನಿಂತರೆ ಕೈಯೂ ಕೆಟ್ಟಿತು ಅಂತ ತಿಳಿ.

ಇದೆಲ್ಲ ಕಚಾವೊ ಒಬ್ಬರೇ ಕಟ್ಟಿದ್ದಲ್ಲ. ಸೋನ್ ಅನ್ನುವ ಹಾಡುಗಾರಿಕೆಯಲ್ಲಿ ಈ ನಡೆ ಮೊದಲಿನಿಂದ ಬೆಳೆಯುತ್ತಾ ಬಂತು, ಆರ್ಸೆನಿಯೊ ರೊಡ್ರಿಗೆಸ್ ಅವರ ತಂಡ ಅದನ್ನು ಇನ್ನೂ ಬಲಪಡಿಸಿತು. ಕಚಾವೊ ಮಾಡಿದ್ದು ಏನೆಂದರೆ, ಆ ನಡೆಯನ್ನು ಹಿಡಿದುಕೊಂಡೇ ಬಾಸಿಗೆ ಮಾತು ಕೊಟ್ಟರು. ನಾಲ್ಕು ಸುತ್ತು ತುಂಬಾವೊ, ನಂತರ ಒಂದು ಪ್ರಶ್ನೆ, ಕಾಂಗಾದವರ ಉತ್ತರ, ಮತ್ತೆ ತುಂಬಾವೊ. ಮುಂದೆ ಬಂದು ಮಾತಾಡಿ, ಯಾರಿಗೂ ಅಡ್ಡ ಬರದ ಹಾಗೆ ಹಿಂದೆ ಸರಿಯುವುದು ಭಾಳ ಕಷ್ಟ. ಅವರು ಅದನ್ನು ಉಸಿರಾಡಿದಷ್ಟು ಸಲೀಸಾಗಿ ಮಾಡುತ್ತಾರೆ.

ಗೋಳಗುಮ್ಮಟ ಕೇಳುಗ, ವಿಜಯಪುರ

ನಾನು ನುಡಿಸುವವನಲ್ಲ, ಬರೀ ಕೇಳುವವನು. ಎರಡು ವಿಷಯಕ್ಕೆ ಸ್ವಲ್ಪ ಬೇರೆ ಮಾತು ಹೇಳಬೇಕಿದೆ.

ಒಂದು, ಮಾಂಬೊ ಯಾರದ್ದು ಅನ್ನುವ ವಾದ. ಜಗತ್ತಿಗೆ ಮಾಂಬೊ ತಲುಪಿಸಿದ್ದು ದಾಮಾಸೊ ಪೆರೆಸ್ ಪ್ರಾಡೊ. ಕ್ಯೂಬಾದವರೇ, 1940ರ ದಶಕದ ಕೊನೆಯಲ್ಲಿ ಮೆಕ್ಸಿಕೊದಲ್ಲಿ ನೆಲೆಸಿ ಟ್ರಂಪೆಟ್, ಸ್ಯಾಕ್ಸೊಫೋನ್‌ಗಳ ದೊಡ್ಡ ತಂಡ ಕಟ್ಟಿದರು. ಲೋಪೆಸ್ ಅಣ್ಣತಮ್ಮಂದಿರ ಪಿಟೀಲು-ಕೊಳಲಿನ ಮಾಂಬೊ ಕೇಳಿ, ಪ್ರಾಡೊ ಅವರದ್ದನ್ನೂ ಕೇಳಿ. ಬೇರೆ ಬೇರೆ ಲೋಕ. ಆರ್ಸೆನಿಯೊ ಅವರೂ ತಮ್ಮದೇ ಮೊದಲು ಅಂತಿದ್ದರು. ಬೀಜ ಒಬ್ಬರದ್ದು ಅಂತ ಹೇಳಿ ಮುಗಿಸುವುದು ಉಳಿದವರಿಗೆ ಅನ್ಯಾಯ. ಕಚಾವೊ ಸ್ವತಃ ಪ್ರಾಡೊ ಅವರ ಪಾಲನ್ನು ಮನಸಾರೆ ಒಪ್ಪಿದವರು.

ಎರಡು, ಇವರ ಸಂಗೀತವನ್ನು ಎಷ್ಟೋ ಕಡೆ ಲ್ಯಾಟಿನ್ ಜಾಝ್ ಅಂತ ಕರೆಯುತ್ತಾರೆ, ಆ ಹೆಸರು. ದೆಸ್ಕಾರ್ಗಾಗಳಲ್ಲಿ ಜಾಝ್‌ನವರ ಹಾಗೆ ಸರದಿ ಮೇಲೆ ನುಡಿಸುವುದಿದೆ, ಸರಿ. ಆದರೆ ಒಳಗಿನ ತಾಳ, ಕರೆ-ಉತ್ತರ, ಕುಣಿತ ಎಲ್ಲ ಕ್ಯೂಬಾದ್ದೇ. ಅಂಗಡಿಯವರು ಜಾಝ್ ಕಪಾಟಿನಲ್ಲಿ ಇಟ್ಟರು ಅಂತ ನಾವು ಅದನ್ನು ಜಾಝ್‌ನ ಒಂದು ರೆಂಬೆ ಮಾಡುವುದು ಬೇಡ.

ಮತ್ತೆ ಇವರ ಸ್ವರ ನಿಮಗೆ ಮೊದಲೇ ಗೊತ್ತಿರುವ ಸಾಧ್ಯತೆ ಜಾಸ್ತಿ. ಟಿಟೊ ಪುವೆಂಟೆ ಅವರ ಓಯೆ ಕೋಮೊ ವಾ ಕೇಳಿಲ್ಲದವರು ಯಾರು? ಸಾಂಟಾನಾ 1970ರಲ್ಲಿ ಗಿಟಾರ್ ಹಾಕಿ ನುಡಿಸಿ ಊರೂರು ಮುಟ್ಟಿಸಿದರು. ಅದರ ಶುರುವಿನ ಸುತ್ತುವ ಸಾಲು ಕಚಾವೊ ಅವರ ಚಾಂಚೂಯೊ ಅನ್ನುವ ರಚನೆಯಿಂದ ಬಂದದ್ದು. ಎರಡನ್ನೂ ಒಂದರ ಹಿಂದೆ ಒಂದು ಹಾಕಿ ಕೇಳಿ. ಕೋಟಿಗಟ್ಟಲೆ ಜನ ಆ ಸಾಲಿಗೆ ಕುಣಿದರು, ಆ ಹೊತ್ತಿಗೆ ಅದನ್ನು ಕಟ್ಟಿದವರು ಬೇರೆಯವರ ಬ್ಯಾಂಡಿನಲ್ಲಿ ಹಿಂದೆ ನಿಂತಿದ್ದರು. ಕ್ಯಾಂಪ್‌ನವರು ಸೋಲು ಅನ್ನಬೇಡಿ ಅಂತಾರೆ. ಅದು ಸರಿ, ಆದರೆ ನನಗೆ ಇದನ್ನು ನೆನೆದರೆ ಸಿಟ್ಟು ಬರುತ್ತದೆ.

ದೇಶ ಬಿಟ್ಟ ನೋವಿನ ಬಗ್ಗೆಯೂ ಒಂದು ಮಾತು. ನಮ್ಮ ಕಡೆಯಿಂದಲೂ ಕಲಾವಿದರು ಊರು ಬಿಟ್ಟರು. ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ ಮುಂಬೈಗೆ ಹೋದರು, ಸುಳೇಭಾವಿಯಲ್ಲಿ ಹುಟ್ಟಿದ ಕುಮಾರ ಗಂಧರ್ವರು ದೇವಾಸ್‌ನಲ್ಲಿ ನೆಲೆಸಿದರು. ಆದರೆ ಬೇಕೆಂದಾಗ ರೈಲು ಹತ್ತಿ ಬರಬಹುದಿತ್ತು. ಹವಾನಾಕ್ಕೂ ಫ್ಲೋರಿಡಾಕ್ಕೂ ನಡುವೆ ಇರುವುದು ಒಂದು ಸಣ್ಣ ಸಮುದ್ರ. ಅದನ್ನು ದಾಟಿ ಅಣ್ಣನ ಜತೆ ಇನ್ನೊಮ್ಮೆ ನುಡಿಸಲು ಆ ಮನುಷ್ಯನಿಗೆ ಆಗಲಿಲ್ಲ. ನನಗೆ ಮದುವೆ ಬ್ಯಾಂಡಿನ ವಿಷಯಕ್ಕಿಂತ ಇದೇ ದೊಡ್ಡದು ಅನ್ನಿಸುತ್ತದೆ.

ಕ್ಯಾಂಪ್ ಬೆಳಗಾವಿ

ವಿಜಯಪುರದ ಗೆಳೆಯರೆ, ಪೆರೆಸ್ ಪ್ರಾಡೊ ವಿಷಯದಲ್ಲಿ ನಿಮ್ಮ ಮಾತು ಪೂರ್ತಿ ಒಪ್ಪಿದೆ. ಹೆಸರಿನ ವಿಷಯದಲ್ಲೂ. ಸಿಟ್ಟೂ ನ್ಯಾಯವಾದದ್ದೇ. ಅಣ್ಣನ ವಿಷಯಕ್ಕೆ ನನ್ನಲ್ಲಿ ಉತ್ತರ ಇಲ್ಲ. ಮಯಾಮಿಯಲ್ಲಿ ಕೊನೆಯವರೆಗೂ ದಾನ್ಸೋನ್ ನುಡಿಸುತ್ತಲೇ ಇದ್ದರು ಅನ್ನುವುದಷ್ಟೇ ಗೊತ್ತು. ಅದನ್ನು ಕೇಳಿದರೆ ಹವಾನಾದ ಆ ಮನೆಯೇ ಕಿವಿಗೆ ಬಿದ್ದ ಹಾಗಿರುತ್ತದೆ.

ಶಹಾಪುರ ಬಾಸ್

ಎಲ್ಲರಿಗೂ ತುಂಬಾ ಧನ್ಯವಾದ. ನಿನ್ನೆ ರಾತ್ರಿ ಸಿ, ಎಫ್, ಜಿ ಸುತ್ತು ಹಿಡಿದು ಕೂತೆ. ಕೈ ಸಮಕ್ಕೆ ಓಡುವುದು ಇನ್ನೂ ನಿಂತಿಲ್ಲ, ಆದರೆ ಒಂದೊಂದು ಸಲ ಸರಿಯಾಗಿ ದಾಟಿದಾಗ ಮೈ ಝುಂ ಅಂತು. ಓಯೆ ಕೋಮೊ ವಾ ನಾವು ಕಾರ್ಯಕ್ರಮದಲ್ಲೇ ನುಡಿಸಿದ್ದೇವೆ! ಅದರ ಹಿಂದೆ ಇವರಿದ್ದರು ಅಂತ ಗೊತ್ತಾಗಿ ಅದೆಷ್ಟು ಹೆಮ್ಮೆ ಆಯಿತು ಅಂದರೆ, ಟ್ರಂಪೆಟ್ ಹಿರಿಯರಿಗೆ ಕೂಡಲೇ ಫೋನ್ ಮಾಡಿದೆ.

ಇನ್ನೊಂದು ಕೇಳಲಾ? ನನ್ನದು ಸಾದಾ ನಾಲ್ಕು ತಂತಿಯ ಬಾಸ್ ಗಿಟಾರ್. ಆ ದಪ್ಪ, ಗಿಡ್ಡ ಸೌಂಡ್ ಇದರಲ್ಲಿ ಬರುತ್ತದಾ? ಮತ್ತೆ 1957ರದ್ದು ಆದ ಮೇಲೆ ಮುಂದೆ ಏನು ಕೇಳಲಿ?

ಕ್ಯಾಂಪ್ ಬೆಳಗಾವಿ

ಬರುತ್ತದೆ. ನಿಂತು ನುಡಿಸುವ ಬಾಸಿನ ಸ್ವರ ಬೇಗ ಸಾಯುತ್ತದೆ, ಬಾಸ್ ಗಿಟಾರಿನದ್ದು ಉದ್ದ ಎಳೆಯುತ್ತದೆ. ಹಾಗಾಗಿ ಬಲ ಅಂಗೈಯ ಅಂಚನ್ನು ಬ್ರಿಜ್, ಅಂದರೆ ತಂತಿಗಳು ಕೂರುವ ಪಟ್ಟಿ, ಅದರ ಹತ್ತಿರ ತಂತಿಗೆ ಹಗುರವಾಗಿ ತಾಗಿಸಿ, ಹೆಬ್ಬೆರಳಿನಿಂದ ಮೀಟು. ಬ್ರಿಜ್ ಪಕ್ಕದಲ್ಲಿ ತಂತಿಗಳ ಕೆಳಗೆ ಒಂದು ಸ್ಪಂಜಿನ ತುಂಡು ತೂರಿಸಿದರೂ ನಡೆಯುತ್ತದೆ. ಟೋನ್ ನಾಬ್ ಪೂರ್ತಿ ಇಳಿಸು, ಆಂಪಿನಲ್ಲಿ ಟ್ರೆಬಲ್ ಕಡಿಮೆ, ನಡು ಸ್ವಲ್ಪ ಏರಿಸು. ಬರೀ ಬಾಸ್ ನಾಬ್ ಏರಿಸಿದರೆ ಮಂಟಪದಲ್ಲಿ ಗುಂಯ್ ಅನ್ನುತ್ತದೆ, ಸ್ವರ ಕೇಳಲ್ಲ. ಹೊಸ ತಂತಿ ಬೇಡ, ಹಳೇ ತಂತಿಯೇ ಇದಕ್ಕೆ ಒಳ್ಳೆಯದು. ಮೈ ನುಣುಪಾದ ಫ್ಲ್ಯಾಟ್‌ವೂಂಡ್ ತಂತಿ ಸಿಕ್ಕರೆ ಇನ್ನೂ ಛಲೋ. "ನಾಲ್ಕು" ಮೇಲಿನ ಸ್ವರಕ್ಕೆ ಮಾತ್ರ ಅಂಗೈ ಸ್ವಲ್ಪ ಎತ್ತು, ಅದು ಸಮ ದಾಟಬೇಕಲ್ಲ.

ಕೇಳುವುದಕ್ಕೆ, ಮೊದಲು ಅರ್ಕಾನ್ಯೊ ತಂಡದ ಹಳೇ ದಾನ್ಸೋನ್‌ಗಳಿಗೆ ಹಿಂದಕ್ಕೆ ಹೋಗು. ಬಾಸ್ ಅಲ್ಲಿ ಮೆತ್ತಗಿದೆ, ಹೆಡ್‌ಫೋನ್ ಬೇಕು. ಆಮೇಲೆ 1977ರ ನ್ಯೂಯಾರ್ಕ್ ರೆಕಾರ್ಡುಗಳು. ಆಮೇಲೆ 1994ರಲ್ಲಿ ಗಾರ್ಸಿಯಾ ಮಾಡಿಸಿದ ಮಾಸ್ಟರ್ ಸೆಷನ್ಸ್. ಅದರಲ್ಲಿ ದಾನ್ಸೋನ್, ದೆಸ್ಕಾರ್ಗಾ ಎಲ್ಲ ಇದೆ, ರೆಕಾರ್ಡಿಂಗ್ ಸ್ಪಷ್ಟ ಇರುವುದರಿಂದ ಬೌ ತಂತಿಗೆ ತಾಗುವ ಸದ್ದೂ ಸಿಗುತ್ತದೆ. 1993ರಲ್ಲಿ ಗ್ಲೋರಿಯಾ ಎಸ್ತೆಫಾನ್ ಮಾಡಿದ ಮಿ ತಿಯೆರ್ರಾ ಆಲ್ಬಮ್ಮಿನಲ್ಲೂ ಬಾಸ್ ಇವರದ್ದಿದೆ. ಹಾಡುಗಾರರ ಹಿಂದೆ ಹೇಗೆ ನಿಲ್ಲಬೇಕು ಅನ್ನುವುದಕ್ಕೆ ಅದನ್ನು ಕೇಳು, ನಿನ್ನ ಕೆಲಸಕ್ಕೆ ಜಾಸ್ತಿ ಉಪಯೋಗ. 2008ರ ಮಾರ್ಚ್ 22ಕ್ಕೆ ತೀರಿಕೊಂಡರು, 89 ವರ್ಷ. ಕೊನೆಯ ವರ್ಷಗಳ ವಿಡಿಯೊಗಳೂ ಸಿಗುತ್ತವೆ, ಎಡಗೈ ಬೆರಳು ನೋಡಿಕೊಂಡು ಕಲಿ.

ಮುಂದಿನ ಕಾರ್ಯಕ್ರಮದಲ್ಲಿ ಆ ಪುವೆಂಟೆ ಹಾಡು ಇದ್ದರೆ, ಕೀಬೋರ್ಡಿನವರಿಗೆ ಎಡಗೈ ಸುಮ್ಮನಿಡಲು ಹೇಳು. ಬಾಸ್ ನೀನೊಬ್ಬನೇ ನುಡಿಸು. ಹೇಗಾಯಿತು ಅಂತ ಇಲ್ಲೇ ಬರೆ.